ಮಾದರಿ ಮನೆಗೆ ಬಂದ ಬಾಣಂತಿ

ನಾನು ನಿಮ್ಮಷ್ಟೇ ಚಿಕ್ಕವಳಿದ್ದಾಗ ನಮಗೆ ಎರಡು ಮನೆಗಳಿದ್ದವು. ಒಂದರಲ್ಲಿ ನಾವಿದ್ದೆವು, ಇನ್ನೊಂದು ಅದರ ಎದುರಿಗೇ ಖಾಲಿ ನಿಂತಿತ್ತು. ಹಾಗೆಂದು ನಮ್ಮದೇನೋ ಸಾಹುಕಾರರ ಮನೆತನ ಅಂದುಕೊಳ್ಳಬೇಡಿ. ನಾವಿದ್ದದ್ದು ಚಾಮರಾಜಪೇಟೆಯ ಹಿಂಬದಿಯಲ್ಲಿ, ದೊಡ್ಡ ಮೋರಿಯ ದಂಡೆಯ ಮೇಲೆ ಸಾಲಾಗಿ ಎದ್ದಿದ್ದ ಗುಡಿಸಲುಗಳಲ್ಲಿ ಒಂದರೊಳಗೆ. ಖಾಲಿ ನಿಂತಿದ್ದದ್ದು ಸರ್ಕಾರ ನಮಗೆಂದೇ ಕಟ್ಟಿಸಿದ್ದ ಮೂರಂತಸ್ತಿನ ಹಳದಿ ಕಟ್ಟಡ. ನಡುವೆ ಒಂದು ಮಣ್ಣಿನ ರಸ್ತೆ, ಅಷ್ಟೇ. ಬೆಳಿಗ್ಗೆ ಎದ್ದು ಬಾಗಿಲಿಗೆ ಇಳಿಬಿಟ್ಟಿದ್ದ ಗೋಣಿಯನ್ನು ಸರಿಸಿದರೆ ಮೊದಲು ಕಾಣುತ್ತಿದ್ದದ್ದು ನಮ್ಮದೇ ಹೊಸ ಮನೆ. ಅದರೊಳಗೆ ಪಾರಿವಾಳಗಳು ಸಂಸಾರ ಹೂಡಿದ್ದವು. ನಾವು ಮಾತ್ರ ಹೋಗುವಂತಿರಲಿಲ್ಲ.

ಮೋರಿಯ ದಂಡೆಗೆ ಯಾಕೆ ಹೋದಿರಿ ಎಂದು ನೀವು ಕೇಳುತ್ತೀರಿ. ಆಗ ನನ್ನ ಗೆಳತಿಯರೂ ಕೇಳುತ್ತಿದ್ದರು. ಅಪ್ಪ ಮಾಗಡಿ ಕಡೆಯ ಹಳ್ಳಿಯಿಂದ ಬಂದವರು. ಚಾಮರಾಜಪೇಟೆಯ ಒಂದು ಅಚ್ಚುಕೂಟದಲ್ಲಿ ಪುಸ್ತಕಗಳಿಗೆ ಹೊಲಿಗೆ ಹಾಕಿ, ರಟ್ಟು ಅಂಟಿಸುವ ಕೆಲಸ ಮಾಡುತ್ತಿದ್ದರು. ಅವರು ಮನೆಗೆ ಬಂದರೆ ಮೈದಾ ಅಂಟಿನ ವಾಸನೆಯೂ ಜೊತೆಗೆ ಬರುತ್ತಿತ್ತು. ಅಮ್ಮ ಬೆಳಗಿನ ಜಾವವೇ ಮಾರ್ಕೆಟ್ಟಿಗೆ ಹೋಗಿ ಸೊಪ್ಪು ತಂದು ಗಾಂಧಿಬಜಾರಿನ ಫುಟ್‌ಪಾತಿನಲ್ಲಿ ಕೂತು ಮಾರುತ್ತಿದ್ದಳು. ಇಬ್ಬರೂ ದುಡಿಯುತ್ತಿದ್ದರು. ಆದರೂ ವಠಾರದ ಒಂದು ಕೋಣೆ ಬಾಡಿಗೆಗೆ ಕೇಳಲು ಹೋದರೆ ಹತ್ತು ತಿಂಗಳ ಬಾಡಿಗೆಯನ್ನು ಅಡ್ವಾನ್ಸ್ ಎಂದು ಮೊದಲೇ ಕೇಳುತ್ತಿದ್ದರು. ಅಷ್ಟು ದುಡ್ಡು ಒಟ್ಟಿಗೆ ನೋಡಿದವರು ನಮ್ಮ ಸಾಲಿನಲ್ಲಿ ಯಾರೂ ಇರಲಿಲ್ಲ. ಊರಿಗೆ ಗಾರೆಯವರು ಬೇಕಿತ್ತು, ಬಣ್ಣ ಬಳಿಯುವವರು ಬೇಕಿತ್ತು, ಪಾತ್ರೆ ತೊಳೆಯುವವರು ಬೇಕಿತ್ತು. ಅವರು ರಾತ್ರಿ ಎಲ್ಲಿ ಮಲಗುತ್ತಾರೆ ಎಂದು ಮಾತ್ರ ಯಾರೂ ಕೇಳುತ್ತಿರಲಿಲ್ಲ.

ನಾನು ಹುಟ್ಟುವ ಮೊದಲು ಎರಡು ಸಲ ಆ ಗುಡಿಸಲುಗಳನ್ನು ಕಿತ್ತು ಹಾಕಿದ್ದರಂತೆ. ಎರಡು ಸಲವೂ ಸಂಜೆಯೊಳಗೆ ಅದೇ ಗಳುಗಳನ್ನು ಅದೇ ಗುಂಡಿಗಳಲ್ಲಿ ನೆಟ್ಟು ಇವರು ಮತ್ತೆ ಒಲೆ ಹಚ್ಚಿದರಂತೆ. ಆಮೇಲೆ ಎಲ್ಲರೂ ಸೇರಿ ಒಂದು ಸಂಘ ಮಾಡಿಕೊಂಡರು. ಭಾನುವಾರ ಹೊಂಗೆ ಮರದ ಕೆಳಗೆ ಸೇರುವುದು, ಅರ್ಜಿ ಬರೆಯುವುದು, ಮಕ್ಕಳನ್ನು ಸೊಂಟದ ಮೇಲೆ ಕೂರಿಸಿಕೊಂಡು ಹೋಗಿ ಕಚೇರಿಯ ಮುಂದೆ ಕೂರುವುದು. ಅಕ್ಷರ ಚೆನ್ನಾಗಿತ್ತೆಂದು ಅಪ್ಪನನ್ನು ಕಾರ್ಯದರ್ಶಿ ಮಾಡಿದ್ದರು. ಹಾಗೆ ವರ್ಷಗಟ್ಟಲೆ ಕೂತು ಕೂತು ಆ ಹಳದಿ ಕಟ್ಟಡ ಮಂಜೂರಾಗಿತ್ತು. ಯಾರಿಗೆ ಯಾವ ಮನೆ ಎಂದು ಚೀಟಿ ಎತ್ತಿಯೂ ಆಗಿತ್ತು. ನಮಗೆ ಮೂರನೆಯ ಅಂತಸ್ತಿನ ಮೂಲೆಮನೆ ಬಂದಿತ್ತು.

ಇನ್ನೇನು ಬೇಕು, ಹೋಗಿ ಇರುವುದಷ್ಟೇ ಅಲ್ಲವೇ? ಅಲ್ಲ. ಉದ್ಘಾಟನೆ ಆಗಬೇಕಿತ್ತು. ಉದ್ಘಾಟನೆ ಆಗದೆ ಬೀಗದ ಕೈ ಕೊಡುವಂತಿಲ್ಲ, ಸಚಿವರು ಬಾರದೆ ಉದ್ಘಾಟನೆ ಆಗುವಂತಿಲ್ಲ. ಮೊದಲ ಸಲ ದಿನ ಗೊತ್ತಾದಾಗ ಸರ್ಕಾರವೇ ಬದಲಾಯಿತು. ಹಳೆಯ ಸಚಿವರ ಹೆಸರು ಕೆತ್ತಿದ್ದ ಕಲ್ಲನ್ನು ಗೋಡೆಯಿಂದ ಕಿತ್ತು, ಹೊಸಬರ ಹೆಸರಿನ ಕಲ್ಲು ಕೆತ್ತಿಸಿ ತಂದು ಕೂರಿಸಲು ತಿಂಗಳುಗಟ್ಟಲೆ ಹಿಡಿಯಿತು. ಎರಡನೆಯ ಸಲ ಶಾಮಿಯಾನ ಹಾಕಿ, ಕುರ್ಚಿ ಜೋಡಿಸಿ, ಬ್ಯಾಂಡಿನವರು ಬಂದು ನಿಂತ ಮೇಲೆ ಯಾರೋ ದೊಡ್ಡವರು ತೀರಿಕೊಂಡರೆಂದು ರೇಡಿಯೋದಲ್ಲಿ ಸುದ್ದಿ ಬಂತು. ಶಾಲೆಗೂ ರಜೆ, ಉದ್ಘಾಟನೆಗೂ ರಜೆ. ನಾವು ಮಕ್ಕಳು ಸ್ವಾಗತದ ಹಾಡು ಕಲಿತು ಬಿಸಿಲಿನಲ್ಲಿ ಸಾಲಾಗಿ ನಿಂತಿದ್ದೆವು. ಹಾಡದೆಯೇ ಮನೆಗೆ ಬಂದೆವು. ಗಂಟಲಲ್ಲಿ ಆ ಹಾಡು ಹುಳಿಯಾಗಿ ಹೋಗಿತ್ತು.

ಅಮ್ಮನಿಗೆ ಇದೆಲ್ಲ ತಲೆಗೆ ಹತ್ತುತ್ತಲೇ ಇರಲಿಲ್ಲ. ಸೊಪ್ಪಿನ ಬುಟ್ಟಿ ಇಳಿಸುತ್ತಾ ಒಂದು ದಿನ ಅಪ್ಪನನ್ನು ಕೇಳಿದಳು: “ಮನೆ ಕಟ್ಟೋಕೆ ಕಲ್ಲು ಬೇಕು, ಸಿಮೆಂಟು ಬೇಕು, ಸರಿ. ಕತ್ತರಿ ಯಾಕ್ರೀ ಬೇಕು?”

ಅಪ್ಪ ನಗಲಿಲ್ಲ. “ಇನ್ನೊಂದ್ ಸ್ವಲ್ಪ ದಿನ ಕಣೆ. ಇಷ್ಟು ವರ್ಷ ಕಾದಿಲ್ವಾ?” ಅಂದರು. ಅಪ್ಪ ಯಾವಾಗಲೂ ಹೇಳುತ್ತಿದ್ದದ್ದು ಅದನ್ನೇ. ಪುಸ್ತಕಕ್ಕೆ ಅಂಟು ಹಾಕಿದ ಮೇಲೆ ಒಣಗುವವರೆಗೆ ಮುಟ್ಟಬಾರದು ಎಂದು ಅವರಿಗೆ ಕೆಲಸ ಕಲಿಸಿತ್ತು. ಸರ್ಕಾರವೂ ಹಾಗೇ ಒಂದು ದಿನ ಒಣಗಿ ಗಟ್ಟಿಯಾಗುತ್ತದೆ ಎಂದು ಅವರು ನಂಬಿದ್ದರೋ ಏನೋ.

ಮೂರನೆಯ ಸಲ ಉದ್ಘಾಟನೆಗೆ ದಿನ ಗೊತ್ತಾದಾಗ ಅಕ್ಕ ಚೊಚ್ಚಲ ಹೆರಿಗೆಗೆಂದು ತವರಿಗೆ ಬಂದಿದ್ದಳು. ದಸರಾ ಕಳೆದಿತ್ತು, ದೀಪಾವಳಿ ಇನ್ನೂ ಬಂದಿರಲಿಲ್ಲ, ದಿನವೂ ಸಂಜೆ ಮಳೆ. ಗುಡಿಸಲಲ್ಲಿ ಒಂದೇ ಮಂಚವಿತ್ತು. ಅದನ್ನು ಅಜ್ಜಿ ಅಕ್ಕನಿಗೆ ಬಿಟ್ಟುಕೊಟ್ಟು ತಾನು ನನ್ನ ಪಕ್ಕ ನೆಲದ ಮೇಲೆ ಮಲಗುತ್ತಿದ್ದಳು. ಇಲ್ಲಿ ಬಾಣಂತನ ಹೇಗೆ ಮಾಡುವುದೆಂದು ಅಮ್ಮ ಹಗಲೂ ರಾತ್ರಿ ಲೆಕ್ಕ ಹಾಕುತ್ತಿದ್ದಳು. ಮಗು ಹುಟ್ಟುವುದರೊಳಗೆ ಹೊಸ ಮನೆ ಸೇರಿರುತ್ತೇವೆ ಎಂದು ಅಪ್ಪ ಮಾತು ಕೊಟ್ಟಿದ್ದರು. ಆದರೆ ಮಗು ಸಚಿವರಷ್ಟು ಸಾವಧಾನದ್ದಾಗಿರಲಿಲ್ಲ. ಉದ್ಘಾಟನೆಗೆ ಇನ್ನೂ ಕೆಲವು ದಿನ ಇರುವಾಗಲೇ ಅಕ್ಕನಿಗೆ ನೋವು ಬಂದು, ಸರ್ಕಾರಿ ಹೆರಿಗೆ ಆಸ್ಪತ್ರೆಯಲ್ಲಿ ಹೆಣ್ಣುಮಗು ಹುಟ್ಟಿತು. ಅಮ್ಮ ಅಲ್ಲೇ ಅಕ್ಕನ ಜೊತೆ ಉಳಿದಳು. ಅಕ್ಕನನ್ನು ಮನೆಗೆ ಕಳಿಸುವುದು ಉದ್ಘಾಟನೆಯ ದಿನವೇ ಎಂದು ಗೊತ್ತಾದಾಗ ಅಪ್ಪನಿಗೆ ಖುಷಿಯೋ ಖುಷಿ. ಪಾಪು ನೇರವಾಗಿ ಹೊಸ ಮನೆಗೇ ಬರುತ್ತದೆ ಎಂದು ಸಾಲಿನವರಿಗೆಲ್ಲ ಹೇಳಿಕೊಂಡು ಬಂದರು.

ಹಿಂದಿನ ರಾತ್ರಿ ಮಳೆ ಹುಯ್ದದ್ದು ಹುಯ್ದದ್ದೇ. ಮೋರಿ ಉಕ್ಕಿ ಗುಡಿಸಲುಗಳ ಒಳಗೆ ಬಂತು. ಅಜ್ಜಿ ರಾಗಿಹಿಟ್ಟಿನ ಡಬ್ಬವನ್ನು ತೊಡೆಯ ಮೇಲಿಟ್ಟುಕೊಂಡು ಮಂಚದ ಮೇಲೆ ಕೂತಿದ್ದಳು. ಬೆಳಗಾಗುವಾಗ ನೀರು ಇಳಿದಿತ್ತು, ಆದರೆ ನೆಲದ ತುಂಬ ಕಪ್ಪು ರಾಡಿ. ಅದರ ನಾತ ಇವತ್ತಿಗೂ ನನ್ನ ಮೂಗಿನಲ್ಲಿದೆ. ಕೊಳೆತ ಎಲೆಕೋಸು, ಸೀಮೆಎಣ್ಣೆ, ಸತ್ತ ಇಲಿ ಎಲ್ಲ ಸೇರಿದ ನಾತ. ಅಕ್ಕನಿಗೆಂದು ತೊಳೆದು ಮಡಿಸಿಟ್ಟಿದ್ದ ಹಳೆಯ ಸೀರೆಗಳೆಲ್ಲ ಒದ್ದೆ. ಅಪ್ಪ ತಗಡಿನ ತುಂಡಿನಿಂದ ರಾಡಿ ಎಳೆದು ಹಾಕುತ್ತಲೇ, ಇವತ್ತೊಂದು ದಿನ ತಾನೇ, ಸಂಜೆಗೆಲ್ಲ ಆಚೆ ಕಡೆ ಹೋಗಿಬಿಡುತ್ತೇವೆ ಎನ್ನುತ್ತಿದ್ದರು. ನನ್ನ ಸಮವಸ್ತ್ರವನ್ನು ಮಾತ್ರ ಅಜ್ಜಿ ಹೇಗೋ ಒದ್ದೆಯಾಗದಂತೆ ಉಳಿಸಿದ್ದಳು. ಅದನ್ನು ಹಾಕಿಕೊಂಡು ನಾನು ಸ್ವಾಗತದ ಸಾಲಿಗೆ ಹೋದೆ.

ಆ ದಿನ ಕಾಂಪೌಂಡಿನ ಗೇಟು ತೆರೆದಿತ್ತು. ಅಷ್ಟು ದಿನ ಹೊರಗಿನಿಂದ ನೋಡಿದ್ದ ಕಟ್ಟಡವನ್ನು ನಾವು ಮಕ್ಕಳು ಮೊದಲ ಸಲ ಒಳಗೆ ನುಗ್ಗಿ ನೋಡಿದೆವು. ಕೆಳಗಿನ ಅಂತಸ್ತಿನ ಮೊದಲನೆಯ ಮನೆಯನ್ನು ಸಿಂಗರಿಸಿದ್ದರು. ಬಾಗಿಲಿಗೆ ಮಾವಿನ ತೋರಣ, ಎರಡೂ ಕಡೆ ಬಾಳೆಕಂದು, ಹೊಸ್ತಿಲಿಗೆ ಅರಿಶಿನ ಕುಂಕುಮ. ಒಳಗೆ ನೀಲಿ ಬಣ್ಣದ ಗೋಡೆ, ಉರಿಯುವ ಬಲ್ಬು, ತಿರುಗಿಸಿದರೆ ನೀರು ಬರುವ ನಲ್ಲಿ. ಅಡುಗೆಯ ಕಟ್ಟೆಯ ಮೇಲೆ ಹೊಸ ಸ್ಟೌ, ಥಳಥಳ ಹೊಳೆಯುವ ಪಾತ್ರೆ, ಎರಡು ಪ್ಯಾಕೆಟ್ ಹಾಲು. ಸಚಿವರ ಮುಂದೆ ಯಾರಾದರೂ ಹೆಂಗಸರ ಕೈಯಲ್ಲಿ ಹಾಲು ಉಕ್ಕಿಸಿ ಫೋಟೋ ತೆಗೆಸಬೇಕಿತ್ತಂತೆ. ಅದಕ್ಕೆ ‘ಮಾದರಿ ಮನೆ’ ಎಂದು ಕಟ್ಟಡದ ಉಸ್ತುವಾರಿಯ ಸರ್ಕಾರಿ ಎಂಜಿನಿಯರು ಹೆಸರಿಟ್ಟಿದ್ದರು.

ನಾವು ಓಡಿಕೊಂಡು ಮೂರನೆಯ ಅಂತಸ್ತಿಗೆ ಹೋದೆವು. ಅಲ್ಲಿ ಬಾಗಿಲೇ ಇರಲಿಲ್ಲ. ಬರೀ ಚೌಕಟ್ಟು. ಕಿಟಕಿಗೆ ಸರಳಿತ್ತು, ಕದವಿಲ್ಲ. ನಲ್ಲಿ ಇರಬೇಕಾದ ಕಡೆ ಗೋಡೆಯಲ್ಲಿ ತೂತು. ನೆಲದ ತುಂಬ ಪಾರಿವಾಳದ ಹಿಕ್ಕೆ. ಎರಡನೆಯ ಅಂತಸ್ತೂ ಹಾಗೇ. ಒಂದು ವರ್ಷದಿಂದ ಬೀಗದ ಕೈ ಕೊಡುತ್ತೇವೆ, ಕೊಡುತ್ತೇವೆ ಎನ್ನುತ್ತಿದ್ದರಲ್ಲ, ಅದು ಯಾವ ಬಾಗಿಲಿನ ಬೀಗದ ಕೈ ಎಂದು ನನಗೆ ತಿಳಿಯಲೇ ಇಲ್ಲ. ಕೆಳಗೆ ಬಂದು ಅಪ್ಪನಿಗೆ ಹೇಳಿದೆ. ಅಪ್ಪ ಕುರ್ಚಿ ಒರೆಸುತ್ತಿದ್ದವರು ಒಂದು ಗಳಿಗೆ ಕೈ ನಿಲ್ಲಿಸಿದರು. ಮತ್ತೆ ಒರೆಸತೊಡಗಿದರು.

ಬಿಸಿಲೇರಿತು. ಮಳೆಯ ಮರುದಿನದ ಬಿಸಿಲು, ಚುಚ್ಚುವಂಥದ್ದು. ಲೌಡ್‌ಸ್ಪೀಕರಿನವನು ‘ಹಲೋ, ಹಲೋ’ ಎನ್ನುತ್ತಲೇ ಇದ್ದ. ಬ್ಯಾಂಡಿನವರು ಟೋಪಿ ತೆಗೆದು ಬೀಸಿಕೊಳ್ಳುತ್ತಿದ್ದರು. ವೇದಿಕೆಯ ಮೇಲೆ ಒಂದು ದೊಡ್ಡ ಬೀಗದ ಕೈ ಇಟ್ಟಿದ್ದರು. ಥರ್ಮಾಕೋಲಿನಲ್ಲಿ ಕೊಯ್ದು ಬಂಗಾರದ ಕಾಗದ ಅಂಟಿಸಿದ್ದು, ನನ್ನ ತೋಳಿನಷ್ಟು ಉದ್ದ. ಗಾಳಿ ಬಂದಾಗೆಲ್ಲ ಅದು ಬಿದ್ದುಹೋಗುತ್ತಿತ್ತು. ಎಂಜಿನಿಯರು ಅದನ್ನು ಎತ್ತಿಟ್ಟು ಎತ್ತಿಟ್ಟು ಸಾಕಾಗಿ, ಕೊನೆಗೆ ಅದರ ಮೇಲೆ ಒಂದು ಅರ್ಧ ಇಟ್ಟಿಗೆ ಹೇರಿದರು. ಮಧ್ಯಾಹ್ನದ ಹೊತ್ತಿಗೆ ಒಬ್ಬ ಗುಮಾಸ್ತರು ಸ್ಕೂಟರಿನಲ್ಲಿ ಬಂದು ಎಂಜಿನಿಯರ ಕಿವಿಯಲ್ಲಿ ಏನೋ ಹೇಳಿದರು. ಎಂಜಿನಿಯರು ಹಣೆ ಒತ್ತಿಕೊಂಡು ಮೈಕಿನ ಮುಂದೆ ನಿಂತರು. ಸಚಿವರು ತುರ್ತಾಗಿ ದೆಹಲಿಗೆ ಹೋಗಬೇಕಾಗಿ ಬಂದದ್ದರಿಂದ ಕಾರ್ಯಕ್ರಮ ಮುಂದಕ್ಕೆ ಹೋಗಿದೆ, ಹೊಸ ದಿನವನ್ನು ಆಮೇಲೆ ತಿಳಿಸುತ್ತೇವೆ ಎಂದರು.

ಯಾರೂ ಕೂಗಲಿಲ್ಲ. ಕೂಗಲಿಕ್ಕೂ ಸುಸ್ತು. ಶಾಮಿಯಾನದವನು ಆಗಲೇ ಕುರ್ಚಿ ಮಡಿಸತೊಡಗಿದ್ದ. ಅಷ್ಟರಲ್ಲಿ ರಾಡಿಯಲ್ಲಿ ಜಾರುತ್ತಾ ಒಂದು ಆಟೋ ಬಂದು ನಿಂತಿತು.

ಮೊದಲು ಅಮ್ಮ ಇಳಿದಳು, ಎದೆಗೆ ಮಗುವನ್ನು ಅವಚಿಕೊಂಡು. ಹಿಂದೆಯೇ ಅಕ್ಕ, ಕಿವಿಗೆ ಬಟ್ಟೆ ಬಿಗಿದು ಕಟ್ಟಿ, ಆಟೋದ ಕಂಬಿ ಹಿಡಿದುಕೊಂಡು, ಒಂದೊಂದೇ ಕಾಲು ಕೆಳಗಿಟ್ಟಳು. ಅಮ್ಮ ನಮ್ಮ ಗುಡಿಸಲ ಮುಂದೆ ಹೋಗಿ ಗೋಣಿ ಸರಿಸಿ ಒಳಗೆ ನೋಡಿದಳು. ಮಂಚದ ಮೇಲೆ ಕಾಲು ಎತ್ತಿಕೊಂಡು ಕೂತಿದ್ದ ಅಜ್ಜಿಯನ್ನು ನೋಡಿದಳು. ಕೆಳಗಿನ ರಾಡಿಯನ್ನು ನೋಡಿದಳು. ಆಮೇಲೆ ಹಿಂದೆ ತಿರುಗಿ, ಖಾಲಿಯಾಗುತ್ತಿದ್ದ ಶಾಮಿಯಾನವನ್ನು ನೋಡಿದಳು. ಓಡಿ ಬಂದ ಅಪ್ಪ ಏನೋ ಹೇಳಲು ಬಾಯಿ ತೆರೆದರು. ಅಮ್ಮನ ಮುಖ ನೋಡಿ ಪಕ್ಕಕ್ಕೆ ಸರಿದು ದಾರಿ ಬಿಟ್ಟರು.

ಅಮ್ಮ ನನ್ನ ಕೈಗೆ ಫ್ಲಾಸ್ಕು ಕೊಟ್ಟು, ಅಕ್ಕನ ರಟ್ಟೆ ಹಿಡಿದು, ರಸ್ತೆ ದಾಟಿ, ಗೇಟು ದಾಟಿ, ಕುರ್ಚಿಗಳ ನಡುವೆಯೇ ನಡೆದು ಮಾದರಿ ಮನೆಯ ಹೊಸ್ತಿಲು ದಾಟಿದಳು. ಮೇಲಿನ ಮನೆಗಳಿಗೆ ಬಾಗಿಲೇ ಇಲ್ಲ ಎಂದು ಅವಳಿಗೂ ಹೇಳುತ್ತಾ ನಾನು ಹಿಂದೆ ಹಿಂದೆ ಹೋದೆ. ಯಾರೂ ತಡೆಯಲಿಲ್ಲ, ಯಾಕೆಂದರೆ ಇದು ಆಗುತ್ತದೆ ಎಂದು ಯಾರಿಗೂ ಅನ್ನಿಸಿರಲಿಲ್ಲ. ಒಳಗೆ ಸಚಿವರಿಗೆಂದು ಹಾಸಿದ್ದ ಜಮಖಾನದ ಮೇಲೆ ಅಮ್ಮ ಅಕ್ಕನನ್ನು ಮಲಗಿಸಿದಳು, ಮಗುವನ್ನು ಅವಳ ಪಕ್ಕಕ್ಕಿಟ್ಟಳು. ಕಿಟಕಿ ಮುಚ್ಚಿದಳು. ಸ್ಟೌ ಹಚ್ಚಿ, ಪ್ಯಾಕೆಟ್ ಕತ್ತರಿಸಿ, ಹೊಳೆಯುವ ಪಾತ್ರೆಗೆ ಹಾಲು ಸುರಿದಳು.

ಸುದ್ದಿ ತಿಳಿದು ಅಜ್ಜಿ ಏದುಸಿರು ಬಿಡುತ್ತಾ ಬಂದು ಬಾಗಿಲಲ್ಲಿ ನಿಂತಳು. ಅವಳಿಗೆ ಬೇರೆಯೇ ಚಿಂತೆ. ಮಗು ಹುಟ್ಟಿ ಹನ್ನೊಂದು ದಿನ ಪುರುಡು, ಮನೆಗೆ ಮೈಲಿಗೆ, ಶುಭಕಾರ್ಯ ಮಾಡುವಂತಿಲ್ಲ. “ಪುರುಡಲ್ಲಿ ಯಾರಾದ್ರೂ ಹಾಲುಕ್ಕಿಸ್ತಾರೇನೇ? ನಿಂಗೇನು ತಲೆಗಿಲೆ ಕೆಟ್ಟಿದೆಯಾ?”

“ಬಾಣಂತಿಗೆ ಕುಡಿಯೋಕೆ ಹಾಲು ಕಾಯಿಸ್ತಿದೀನಿ ಅತ್ತೆ. ಅದಾಗೇ ಉಕ್ಕಿದ್ರೆ ಉಕ್ಕಲಿ.”

ಹಾಲು ಉಕ್ಕಿತು. ಸ್ಟೌವಿನ ಮೇಲೆ ಚೆಲ್ಲಿ ಚುರ್ ಎಂದಿತು. ಸೀದ ಹಾಲಿನ ಆ ವಾಸನೆ ಹೊಸ ಬಣ್ಣದ ವಾಸನೆಯ ಜೊತೆ ಸೇರಿ ಕೋಣೆ ತುಂಬಿತು. ಅಜ್ಜಿ ಕೆನ್ನೆ ಕೆನ್ನೆ ಬಡಿದುಕೊಂಡಳು, ಆದರೆ ಹೊರಗೆ ಹೋಗಲಿಲ್ಲ. ಮಗುವಿನ ತಲೆಯ ಕಡೆ ಗಾಳಿ ಬರುತ್ತಿದೆಯೆಂದು ಅಲ್ಲೇ ಅಡ್ಡ ಕೂತಳು.

ಈಗ ಎಂಜಿನಿಯರು ಬಂದರು. ಕೆಟ್ಟ ಮನುಷ್ಯರೇನಲ್ಲ. ಸಣಕಲು ದೇಹ, ಬೆಳಗಿನಿಂದ ಬಿಸಿಲಲ್ಲಿ ನಿಂತು ಮುಖವೆಲ್ಲ ಕೆಂಪಾಗಿತ್ತು. ಹೊಸ್ತಿಲ ಆಚೆಯೇ ನಿಂತು ಬೇಡಿಕೊಂಡರು. ಇದು ಸಚಿವರು ನೋಡಲಿಕ್ಕೆ ಇಟ್ಟ ಮನೆ, ಇಲ್ಲಿ ಯಾರೂ ಇರುವಂತಿಲ್ಲ ಎಂದರು.

“ನೋಡೋಕಿಟ್ಟಿದ್ದು ಸರಿ ಸ್ವಾಮಿ. ನೋಡೋರು ಬರಲಿಲ್ವಲ್ಲ,” ಎಂದಳು ಅಮ್ಮ. ದನಿ ಎತ್ತಿರಲಿಲ್ಲ. ಹಾಲು ಆರಿಸುತ್ತಾ ಇದ್ದಳು. “ಮೇಲಿನ ಮನೆಗಳಿಗೆ ಬಾಗಿಲೇ ಇಲ್ವಂತಲ್ಲ, ನಮ್ ಹುಡುಗಿ ನೋಡ್ಕೊಂಡು ಬಂದವ್ಳೆ. ನಮ್ಗೆ ಏನ್ ಕೊಡೋರಿದ್ರಿ ಇವತ್ತು? ಆ ಬೆಂಡಿನ ಬೀಗದ ಕೈನಾ?”

ಬಾಗಿಲುಗಳ ಕಡತ ಇನ್ನೂ ಸಹಿಯಾಗಿ ಬಂದಿಲ್ಲ ಎಂದು ಎಂಜಿನಿಯರು ಗೊಣಗಿದರು. ಕೊನೆಗೆ ಅಪ್ಪನನ್ನು ಪಕ್ಕಕ್ಕೆ ಕರೆದರು. ನೀವು ಸಂಘದ ಕಾರ್ಯದರ್ಶಿ, ತಿಳಿದವರು, ಹೆಂಡತಿಗೆ ಬುದ್ಧಿ ಹೇಳಿ ಹೊರಗೆ ಕರೆದುಕೊಂಡು ಬನ್ನಿ, ಇಲ್ಲದಿದ್ದರೆ ನಾನು ಪೊಲೀಸರನ್ನು ಕರೆಸಲೇಬೇಕಾಗುತ್ತದೆ, ನಿಮ್ಮ ಹೆಸರಿನ ಮನೆಯೂ ರದ್ದಾಗಬಹುದು ಎಂದರು.

ಅಪ್ಪ ಒಳಗೆ ಬಂದರು. ಗೋಡೆಗೆ ಒರಗಿ ಕೂತರು. ಅಕ್ಕ ಲೋಟ ಹಿಡಿದು ಹಾಲು ಕುಡಿಯುತ್ತಿದ್ದಳು.

“ಅಪ್ಪಾ, ನಾನು ಬೇಕಾದ್ರೆ ಆ ಗುಡಿಸಲಿಗೇ ಬರ್ತೀನಿ. ನನ್ನಿಂದ ನಿಮಗೆ ತೊಂದರೆ ಬೇಡ,” ಎಂದಳು ಅಕ್ಕ.

ಅಪ್ಪ ಎದ್ದರು. ಹೊರಗೆ ಹೋದರು. ಎಂಜಿನಿಯರನ್ನು ದಾಟಿಕೊಂಡು, ತಲೆ ತಗ್ಗಿಸಿಕೊಂಡು ರಸ್ತೆಯ ಆಚೆ ಹೋದರು. ಅಮ್ಮನ ಮುಖ ಬಾಡಿತು. ಅವಮಾನ ತಾಳದೆ ಹೋದರೆಂದು ನಾನೂ ಅಂದುಕೊಂಡೆ. ಆದರೆ ಸ್ವಲ್ಪ ಹೊತ್ತಿಗೆ ಹೊರಗೆ ಗದ್ದಲ ಕೇಳಿಸಿತು. ಬಾಗಿಲಿಗೆ ಓಡಿದೆ. ಅಪ್ಪ ಬರುತ್ತಿದ್ದರು, ತಲೆಯ ಮೇಲೆ ಸಿಂಬಿ ಇಟ್ಟು ಅದರ ಮೇಲೆ ನಮ್ಮ ಒರಳುಕಲ್ಲು ಹೊತ್ತುಕೊಂಡು. ಕತ್ತಿನ ನರಗಳೆಲ್ಲ ಉಬ್ಬಿದ್ದವು. ಹಿಂದೆ ಪಕ್ಕದ ಗುಡಿಸಲಿನ ಮಾವ ರುಬ್ಬುಗುಂಡು ಹಿಡಿದುಕೊಂಡು ಬರುತ್ತಿದ್ದರು. ಅಪ್ಪ ಒಳಗೆ ಬಂದು, ಇಬ್ಬರು ಮೂವರ ಕೈಸಹಾಯದಿಂದ ಒರಳನ್ನು ಅಡುಗೆಯ ಮೂಲೆಗೆ ಇಳಿಸಿದರು. ನೆಲ ದಡ್ ಎಂದಿತು.

“ಇನ್ನು ಇದನ್ನ ಅವರೇ ಎತ್ತಿ ಆಚೆ ಹಾಕಬೇಕು. ನಾನಂತೂ ಎತ್ತಲ್ಲ,” ಎಂದರು ಅಪ್ಪ.

ನಮ್ಮ ಸಾಲಿನವರು ಅದನ್ನೇ ಕಾಯುತ್ತಿದ್ದಂತೆ ಕಂಡಿತು. ಸಂಘದ ಕಾರ್ಯದರ್ಶಿಯೇ ಒರಳು ಹೊತ್ತು ಹೋದ ಮೇಲೆ ಇನ್ನೇನು? ಒಬ್ಬರು ಮಂಚ ತಂದರು, ಒಬ್ಬರು ಟ್ರಂಕು, ಒಬ್ಬರು ಕೋಳಿ ಪಂಜರ. ಹೂ ಕಟ್ಟಿ ಮಾರುತ್ತಿದ್ದ ಅತ್ತೆ ದೇವರ ಪಟಗಳನ್ನೆಲ್ಲ ಮಡಿಲಲ್ಲಿ ತುಂಬಿಕೊಂಡು ಮೆಟ್ಟಿಲು ಹತ್ತಿದರು. ಚೀಟಿಯಲ್ಲಿ ಯಾವ ಮನೆ ಬಂದಿತ್ತೋ ಆ ಮನೆಗೇ ಹೋಗಬೇಕೆಂದು ಅಪ್ಪ ಮೆಟ್ಟಿಲ ಬುಡದಲ್ಲಿ ನಿಂತು ಕೂಗಿ ಹೇಳುತ್ತಿದ್ದರು. ಆದರೂ ಕೆಳಗಿನ ಅಂತಸ್ತಿಗೆ ಜಗಳ, ಮೂಲೆಮನೆಗೆ ಜಗಳ, ಒಬ್ಬರ ಚಾಪೆ ಇನ್ನೊಬ್ಬರು ಎಸೆಯುವುದು. ನಿಮಗೆ ಯಾರಾದರೂ ಹೋರಾಟದ ಕಥೆ ಹೇಳುವಾಗ ಎಲ್ಲರೂ ಒಂದೇ ದನಿಯಲ್ಲಿ ಹಾಡಿದರು ಎನ್ನಬಹುದು. ನಾನು ಕಂಡದ್ದು ಹಾಗಿರಲಿಲ್ಲ. ಬಾಗಿಲಿಲ್ಲದ ಮನೆಗಳಿಗಾಗಿ ನಮ್ಮವರು ಸಂಜೆಯವರೆಗೆ ಕಿತ್ತಾಡಿದರು. ಪಾರಿವಾಳಗಳು ಗಾಬರಿಯಾಗಿ ಹಾರಾಡಿ ಎಲ್ಲರ ತಲೆಯ ಮೇಲೂ ಧೂಳು ಉದುರಿಸಿದವು.

ಪೊಲೀಸ್ ಜೀಪು ಬಂದದ್ದು ದೀಪ ಹಚ್ಚುವ ಹೊತ್ತಿಗೆ. ಇನ್‌ಸ್ಪೆಕ್ಟರು ಎತ್ತರದ ಆಳು. ಮೊದಲು ಒಳಗೆ ಹೊಕ್ಕವರು ಯಾರು ಎಂದು ಕೇಳಿದರು, ಎಲ್ಲರೂ ಮಾದರಿ ಮನೆಯ ಕಡೆ ನೋಡಿದರು. ಅವರು ಬೂಟು ತಪತಪ ಅನ್ನಿಸುತ್ತಾ ಬಾಗಿಲವರೆಗೆ ಬಂದರು. ಅಮ್ಮ ಹೊಸ್ತಿಲ ಮೇಲೆ ನಿಂತಳು. ನಾನು ಅವಳ ಸೆರಗಿನ ಹಿಂದಿದ್ದೆ.

“ಬನ್ನಿ ಸ್ವಾಮಿ, ಬೇಡ ಅನ್ನಲ್ಲ. ಪುರುಡಿನ ಮನೆ, ಹೇಳ್ಬಿಟ್ಟಿದೀನಿ. ಆಮೇಲೆ ನಿಮ್ಮನೆಗೆ ಹೋಗಿ ತಲೆಗೆ ನೀರು ಹಾಕ್ಕೊಳ್ಳಿ,” ಎಂದಳು ಅಮ್ಮ.

ಇನ್‌ಸ್ಪೆಕ್ಟರು ಎತ್ತಿದ್ದ ಕಾಲನ್ನು ಹಾಗೇ ಹಿಂದಕ್ಕಿಟ್ಟರು. ಒಳಗೆ ಇಣುಕಿ ನೋಡಿದರು. ಅಷ್ಟು ಗಲಾಟೆಯಲ್ಲೂ ಮಗು ಮುಷ್ಟಿ ಬಿಗಿಹಿಡಿದು ನಿದ್ದೆ ಮಾಡುತ್ತಿತ್ತು. ಅದು ಎಷ್ಟು ದಿನದ್ದು ಎಂದು ಕೇಳಿದರು. ಅಜ್ಜಿ ಒಳಗಿನಿಂದ ಹೇಳಿದಳು. ಅವರು ಟೋಪಿ ತೆಗೆದು ತಲೆ ಕೆರೆದುಕೊಂಡು ಎಂಜಿನಿಯರ ಕಡೆ ತಿರುಗಿದರು. ಹಸಿ ಬಾಣಂತಿಯನ್ನು ಎಳೆದು ಮೋರಿಗೆ ಹಾಕು ಎಂದು ನನಗೆ ಕಾಗದದಲ್ಲಿ ಬರೆದುಕೊಡುತ್ತೀರಾ ಎಂದು ಕೇಳಿದರು. ಎಂಜಿನಿಯರು ಬರೆದುಕೊಡಲಿಲ್ಲ. ಉಳಿದಿದ್ದ ಒಂದೇ ಒಂದು ಕುರ್ಚಿಯ ಮೇಲೆ ಕುಸಿದು ಕೂತು, ನನಗೂ ಸಾಕಾಗಿದೆ ಸ್ವಾಮಿ ಎಂದರು. ಅಮ್ಮ ನನ್ನ ಕೈಯಲ್ಲಿ ಅವರಿಗೂ ಒಂದು ಲೋಟ ನೀರು ಕಳಿಸಿದಳು.

ಹೀಗೆ ಪುರುಡು ಮುಗಿಯುವವರೆಗೆ ನಮಗೆ ಗಡುವು ಸಿಕ್ಕಿತು. ಅಷ್ಟು ದಿನ ಸಿಕ್ಕಿದ್ದೇ ಸಾಕಾಯಿತು. ಸುದ್ದಿ ಊರೆಲ್ಲ ಹರಡಿತು. ಓಕಳಿಪುರದ ರೈಲುಹಳಿ ಪಕ್ಕದ ಗುಡಿಸಲಿನವರು ನೋಡಲು ಬಂದರು, ಇನ್ನೂ ಎಲ್ಲೆಲ್ಲಿಂದಲೋ ಬಂದರು. ನಮ್ಮ ಕಡೆಯೂ ಹೀಗೊಂದು ಕಟ್ಟಡ ಖಾಲಿ ನಿಂತಿದೆ ಎಂದು ಒಬ್ಬೊಬ್ಬರೂ ಹೇಳಿದರು. ಕೆಲವರು ಹೋಗಿ ಸೇರಿಕೊಂಡರು. ಕೆಲವು ಕಡೆ ಲಾಠಿಯಲ್ಲಿ ಹೊಡೆದು ಹೊರಗೆ ಹಾಕಿದರು, ಅವರು ಮತ್ತೆ ಬಂದರು. ಪತ್ರಿಕೆಗಳು ನಮ್ಮನ್ನು ಅಕ್ರಮ ನಿವಾಸಿಗಳು ಎಂದು ಬರೆದವು. ಆ ಪದ ನನಗೆ ಹೊಸದು. ಅಪ್ಪನನ್ನು ಅರ್ಥ ಕೇಳಿದರೆ, ನಮ್ಮ ಮನೆಯಲ್ಲಿ ನಾವೇ ಇರುವುದು ಎಂದರು. ಅಪ್ಪ ಸಿಡುಕಿದ್ದನ್ನು ನಾನು ಮೊದಲು ಕಂಡದ್ದು ಆಗಲೇ.

ಪುರುಡು ಕಳೆದು ಹೆಸರಿಡುವ ದಿನ ಅಜ್ಜಿ ಗೋಡೆಯ ಉದ್ಘಾಟನೆಯ ಕಲ್ಲಿಗೆ ಹಾಕಿದ್ದ ಕೆಂಪು ಮಖಮಲ್ಲಿನ ಪರದೆಯನ್ನು ಬಿಚ್ಚಿ ತಂದು ಮಗುವಿಗೆ ಜೋಲಿ ಕಟ್ಟಿದಳು. ಊರೆಲ್ಲ ನೋಡುತ್ತಿದ್ದದ್ದರಿಂದ ಗಡುವು ಮುಗಿದರೂ ಪೊಲೀಸರು ಬರಲಿಲ್ಲ. ಆಮೇಲೆ ನಾವು ಮಾದರಿ ಮನೆಯನ್ನು ಚೀಟಿಯಲ್ಲಿ ಅದು ಬಂದಿದ್ದವರಿಗೆ ಬಿಟ್ಟುಕೊಟ್ಟು ಮೂರನೆಯ ಅಂತಸ್ತಿಗೆ ಹೋದೆವು. ಒರಳನ್ನು ಎತ್ತಲ್ಲ ಎಂದಿದ್ದ ಅಪ್ಪನೇ ಅದನ್ನು ಬೈದುಕೊಳ್ಳುತ್ತಾ ಮೂರು ಅಂತಸ್ತು ಹೊತ್ತರು. ಒಂದು ವರ್ಷ ಬಾಗಿಲ ಜಾಗದಲ್ಲಿ ಅಮ್ಮನ ಹಳೆಯ ಸೀರೆ ತೂಗಾಡುತ್ತಿತ್ತು. ನೀರಿಗೆ ಕೆಳಗಿನ ಒಂದೇ ನಲ್ಲಿ. ಕೊಡ ಹೊತ್ತು ಹತ್ತುವುದು, ಅರ್ಧ ಚೆಲ್ಲುವುದು, ಚೆಲ್ಲಿದ್ದಕ್ಕೆ ಕೆಳಗಿನವರು ಬೈಯುವುದು. ಬಾಗಿಲಿಗೆ ಒಂದು ಅರ್ಜಿ, ಬಲ್ಬಿಗೆ ಒಂದು ಅರ್ಜಿ, ನೀರಿಗೆ ಬೇರೊಂದು. ನೀವಿನ್ನೂ ಮನೆಯೊಳಗೆ ಬಂದೇ ಇಲ್ಲ, ಆದ್ದರಿಂದ ದೀಪ ಕೊಡುವಂತಿಲ್ಲ ಎಂದು ಒಬ್ಬ ಅಧಿಕಾರಿ ನಮ್ಮ ಮನೆಯೊಳಗೇ ನಿಂತು ಹೇಳಿದ್ದನ್ನು ನಾನು ಕಿವಿಯಾರೆ ಕೇಳಿದ್ದೇನೆ. ಮನೆ ನಮ್ಮದು ಎಂಬ ಹಕ್ಕುಪತ್ರ ಬಂದದ್ದು ನಾನು ಕಾಲೇಜು ಸೇರಿದ ಮೇಲೆ. ಅಷ್ಟರಲ್ಲಿ ಅಜ್ಜಿ ಅದೇ ಮನೆಯಲ್ಲಿ ತೀರಿಕೊಂಡಿದ್ದಳು. ಅಕ್ಕನ ಮಗಳು ರಜೆಗೆ ಬಂದರೆ ಮೆಟ್ಟಿಲ ಪಕ್ಕದ ಕಂಬಿಯ ಮೇಲೆ ಜಾರುವಷ್ಟು ದೊಡ್ಡವಳಾಗಿದ್ದಳು. ಸಚಿವರು ಯಾರೂ ಬರಲೇ ಇಲ್ಲ. ಆ ಕಟ್ಟಡದ ಉದ್ಘಾಟನೆ ಇವತ್ತಿನವರೆಗೂ ಆಗಿಲ್ಲ.

ಈಗ ನೀವು ಹದಿನಾಲ್ಕನೆಯ ಅಂತಸ್ತಿನಲ್ಲಿ ಇದ್ದೀರಿ. ಬೆರಳು ಒತ್ತಿದರೆ ಬಾಗಿಲು ತೆರೆಯುತ್ತದೆ, ನಲ್ಲಿ ತಿರುಗಿಸಿದರೆ ಬಿಸಿನೀರು ಬರುತ್ತದೆ. ಲಿಫ್ಟು ಬರುವುದು ಸ್ವಲ್ಪ ತಡವಾದರೆ ನೀವು ಕಾಲು ಅಪ್ಪಳಿಸುತ್ತೀರಿ. ಅಪ್ಪಳಿಸಿ, ನಾನು ಬೇಡ ಅನ್ನುವುದಿಲ್ಲ. ನಮ್ಮವರೂ ಇನ್ನೂ ಮೊದಲೇ ಅಪ್ಪಳಿಸಬೇಕಿತ್ತು.

ಮೊನ್ನೆ ಸಂಜೆ ಬಾಲ್ಕನಿಯಲ್ಲಿ ನಿಂತಿದ್ದಾಗ ನಿಮ್ಮಲ್ಲಿ ಚಿಕ್ಕವಳು ಒಂದು ಪ್ರಶ್ನೆ ಕೇಳಿದಳು. ಎದುರಿಗೆ ಹೊಸದಾಗಿ ಎದ್ದ ಕಟ್ಟಡದಲ್ಲಿ ಒಂದು ಮನೆಯಲ್ಲೂ ದೀಪವಿರಲಿಲ್ಲ. ಯಾರೋ ಕೊಂಡಿಟ್ಟಿದ್ದಾರೆ, ಯಾರೂ ಬಂದಿಲ್ಲ. ಅದರ ಬುಡದಲ್ಲಿ, ಅದನ್ನು ಕಟ್ಟಿದವರ ತಗಡಿನ ಶೆಡ್ಡುಗಳು. ಮಳೆ ಬರುತ್ತಿತ್ತು. ಒಬ್ಬ ಹೆಂಗಸು ತಟ್ಟೆಯಲ್ಲಿ ನೀರು ಮೊಗೆದು ಮೊಗೆದು ಆಚೆ ಚೆಲ್ಲುತ್ತಿದ್ದಳು. ಅಷ್ಟೊಂದು ಮನೆ ಖಾಲಿ ಇದೆಯಲ್ಲ, ಅವರು ಅಲ್ಲೇ ಹೋಗಿ ಯಾಕೆ ಮಲಗುವುದಿಲ್ಲ ಎಂದು ಇವಳು ಕೇಳಿದಳು. ನಿಮ್ಮಪ್ಪ ಫೋನಿನಿಂದ ತಲೆ ಎತ್ತದೆ, ಅದು ಹಾಗಲ್ಲ ಪುಟ್ಟಿ, ದೊಡ್ಡವಳಾದ ಮೇಲೆ ನಿನಗೇ ಅರ್ಥವಾಗುತ್ತದೆ ಎಂದ.

ನಾನು ದೊಡ್ಡವಳಾದೆ, ಮುದುಕಿಯೂ ಆದೆ. ನನಗಿನ್ನೂ ಅರ್ಥವಾಗಿಲ್ಲ.